ಬಿಳಿಸೀಮೆಯ ಮುಗಿಯದ ದಿನ

ಆ ಹಾಳೆಯಲ್ಲಿ ಕೆಂಪು ಅಂಕಿಗಳು ಮಾತ್ರ ಇದ್ದವು. ಭಾನುವಾರ, ಹಬ್ಬ, ಸರ್ಕಾರಿ ರಜೆಗಳು ತಮ್ಮ ತಮ್ಮ ಚೌಕದಲ್ಲಿ ಸರಿಯಾಗಿ ಕೂತಿದ್ದವು. ಉಳಿದ ಚೌಕಗಳೆಲ್ಲ ಖಾಲಿ. ಇಡೀ ವರ್ಷ ಒಂದೇ ಹಾಳೆಯಲ್ಲಿ ಬರುವ ಕ್ಯಾಲೆಂಡರು ಅದು. ಚಿಕ್ಕಪ್ಪ ಕೆಲಸ ಮಾಡುತ್ತಿದ್ದ ರಾಜಾಜಿನಗರದ ಪ್ರೆಸ್ಸಿನಲ್ಲಿ ಮೊದಲು ಕೆಂಪು ಹೊಡೆದು, ಅದು ಒಣಗಿದ ಮೇಲೆ ಕಪ್ಪು ಹೊಡೆಯುತ್ತಿದ್ದರು. ಈ ಎರಡರ ನಡುವೆ ಮೂಲೆ ಮಡಿಚಿಕೊಂಡೋ ಅಂಚು ಹರಿದೋ ಕೆಟ್ಟ ಹಾಳೆಗಳನ್ನು ಅವನು ಸುರುಳಿ ಸುತ್ತಿ ಮನೆಗೆ ತರುತ್ತಿದ್ದ. ನನ್ನ ಶಾಲೆಯ ಪುಸ್ತಕಗಳಿಗೆಲ್ಲ ಅವುಗಳದೇ ಬೈಂಡು. ಈ ಒಂದು ಹಾಳೆಯನ್ನು ಮಾತ್ರ ನಾನು ಬೈಂಡಿಗೆ ಕೊಡಲಿಲ್ಲ. ಖಾಲಿ ಚೌಕದ ದಿನಗಳಲ್ಲಿ ಅಲ್ಲಿಯ ಜನ ಏನು ಮಾಡುತ್ತಾರೆ ಎಂದು ಕೇಳಿದೆ. ಎಲ್ಲಿಯ ಜನ ಎಂದು ಅವನು ಕೇಳಲಿಲ್ಲ. ಅವರಿಗೆ ಅಂಕಿ ಬರೋದಿಲ್ಲ ಕಣೇ, ಅದಕ್ಕೆ ದಿನಕ್ಕೆ ಹೆಸರಿಡ್ತಾರೆ, ಅಂದ. ಆ ಖಾಲಿ ಚೌಕಗಳ ನಾಡಿಗೆ ನಾವಿಟ್ಟ ಹೆಸರು ಬಿಳಿಸೀಮೆ; ಅದು ಶುರುವಾದದ್ದು ಹಾಗೆ.

ನಮ್ಮ ಮನೆ ನಾಯಂಡಹಳ್ಳಿಯ ಹಳೆಯ ಊರಿನೊಳಗಿತ್ತು. ಸುತ್ತ ವರ್ಕ್‌ಶಾಪು, ಗೋಡೌನುಗಳು ಎದ್ದ ಮೇಲೂ ನಮ್ಮ ಬೀದಿ ಹಳ್ಳಿಯ ಬೀದಿಯಾಗಿಯೇ ಉಳಿದಿತ್ತು. ಲೇತ್ ಮಷೀನುಗಳ ಸದ್ದು ಎಷ್ಟು ರೂಢಿಯಾಗಿತ್ತೆಂದರೆ ಅದು ನಿಂತಾಗ ಮಾತ್ರ ನಮಗೆ ಕೇಳಿಸುತ್ತಿತ್ತು. ಅಪ್ಪ ಮೇಲೆ ಎರಡು ಪೋರ್ಷನ್ ಕಟ್ಟಿಸಿ ಬಾಡಿಗೆಗೆ ಕೊಟ್ಟಿದ್ದರು. ಕೆಳಗೆ ಅಪ್ಪ, ಅಮ್ಮ, ಅಜ್ಜಿ, ಮದುವೆಯಾಗದ ಚಿಕ್ಕಪ್ಪ, ನಾನು. ಹಾಲ್‌ನ ಒಂದು ಬದಿಗೆ ಅಡುಗೆಮನೆ. ಇನ್ನೊಂದು ಬದಿಗೆ ಕಿಟಕಿಯಿಲ್ಲದ ಒಂದು ಕೋಣೆ. ಅದನ್ನು ಕತ್ತಲೆಕೋಣೆ ಎನ್ನುತ್ತಿದ್ದೆವು. ಅಕ್ಕಿಯ ಡ್ರಮ್ಮು, ತಾತನ ಟ್ರಂಕು ಅಲ್ಲಿ. ಅಜ್ಜಿ ಮತ್ತು ನಾನು ಮಲಗುತ್ತಿದ್ದದ್ದೂ ಅಲ್ಲೇ. ಹೊಸದಾಗಿ ಬಣ್ಣ ಬಳಿಸಿದ ಗೋಡೆಗೆ ಏನನ್ನೂ ಅಂಟಿಸಕೂಡದೆಂದು ಅಮ್ಮ ಹೇಳಿದ್ದಳು. ಚಿಕ್ಕಪ್ಪ ಮೈದಾ ಕಲಸಿ, ಕುದಿಸಿ, ಹಾಳೆಯನ್ನು ಕತ್ತಲೆಕೋಣೆಯ ಬಾಗಿಲಿನ ಒಳಮೈಗೆ ಅಂಟಿಸಿದ. ಹಗಲೆಲ್ಲ ಆ ಬಾಗಿಲು ತೆರೆದು ಗೋಡೆಗೆ ಒರಗಿರುತ್ತಿದ್ದರಿಂದ ಹಾಳೆ ಯಾರ ಕಣ್ಣಿಗೂ ಬೀಳುತ್ತಿರಲಿಲ್ಲ. ನೋಡಬೇಕಾದರೆ ಒಳಗೆ ಹೋಗಿ, ಬಾಗಿಲು ಹಾಕಿಕೊಂಡು, ದೀಪ ಹಚ್ಚಬೇಕಿತ್ತು.

ಬಿಳಿಸೀಮೆಗೆ ಇಬ್ಬರು ಚಂದ್ರರು. ಒಬ್ಬ ಹೊತ್ತಿಗೆ ಸರಿಯಾಗಿ ಬಂದು ಹೊತ್ತಿಗೆ ಸರಿಯಾಗಿ ಹೋಗುವ ಜನರಲ್ ಶಿಫ್ಟಿನವನು. ಇನ್ನೊಬ್ಬ ಸೆಕೆಂಡ್ ಶಿಫ್ಟಿನವನು. ಅವನು ಯಾವಾಗ ಬರುತ್ತಾನೋ ಹೇಳುವಂತಿಲ್ಲ, ಆದ್ದರಿಂದ ಆ ಸೀಮೆಯ ಮನೆಗಳಲ್ಲಿ ಅವನ ಪಾಲಿನ ಊಟವನ್ನು ಮುಚ್ಚಿಡುತ್ತಾರೆ. ಇಬ್ಬರೂ ಒಟ್ಟಿಗೆ ಆಕಾಶದಲ್ಲಿ ಕಂಡರೆ ತಿಂಗಳು ಮುಗಿಯಿತು. ಒಂದು ತಿಂಗಳು ವಾರಕ್ಕೇ ಮುಗಿಯಬಹುದು, ಇನ್ನೊಂದು ಮಳೆಗಾಲವೆಲ್ಲ ಎಳೆಯಬಹುದು. ದಿನದ ಹೆಸರು ಅಂದು ನಡೆದದ್ದರಿಂದ ಹುಟ್ಟಬೇಕು, ಒಮ್ಮೆ ಇಟ್ಟ ಹೆಸರನ್ನು ಮತ್ತೆ ಇಡಕೂಡದು. ನಮ್ಮಲ್ಲಿ ನಡೆದದ್ದೇ ಅಲ್ಲಿ ಸ್ವಲ್ಪ ಬದಲಾಗಿ ನಡೆಯುತ್ತಿತ್ತು. ಮೇಲಿನ ಪೋರ್ಷನ್ನಿನ ಆಂಟಿಯ ಸೀರೆ ತಂತಿಯಿಂದ ಹಾರಿ ವರ್ಕ್‌ಶಾಪಿನ ಶೀಟಿನ ಮೇಲೆ ಬಿದ್ದದ್ದು ಅಲ್ಲಿ ‘ರಾಣಿಯ ಸೀರೆ ಹಾರಿಹೋದ ದಿನ’. ಅಮ್ಮನ ಬೆಲ್ಲದ ಡಬ್ಬಿಗೆ ಇರುವೆ ಹತ್ತಿದ್ದು ‘ಕಪ್ಪು ಸೈನ್ಯ ಬಂದ ದಿನ’. ಚಿಕ್ಕಪ್ಪ ಪೆನ್ಸಿಲನ್ನು ಚೂಪು ಮಾಡಿಕೊಂಡು ಹೆಸರುಗಳನ್ನು ಸಣ್ಣ ಅಕ್ಷರದಲ್ಲಿ ಚೌಕಕ್ಕೆ ಕೂರಿಸುತ್ತಿದ್ದ. ಅವನ ಕೈಗೆ ಯಾವಾಗಲೂ ಸೀಮೆಎಣ್ಣೆಯ ವಾಸನೆ. ಬೆರಳಿಗೆ ಹತ್ತಿದ ಮಸಿಯನ್ನು ಪ್ರೆಸ್ಸಿನಲ್ಲಿ ಅದರಿಂದಲೇ ತೊಳೆಯುತ್ತಿದ್ದರಂತೆ.

ಎಲ್ಲಕ್ಕಿಂತ ದೊಡ್ಡ ನಿಯಮ ಒಂದಿತ್ತು. ಹೆಸರನ್ನು ಇಬ್ಬರು ಒಪ್ಪಬೇಕು. ಒಪ್ಪಿ ಬರೆಯುವ ತನಕ ಆ ದಿನ ಮುಗಿಯುವುದಿಲ್ಲ, ಮುಂದಿನ ದಿನ ಒಳಗೆ ಬರುವಂತಿಲ್ಲ. ಹೊಸ ವರ್ಷ ಹತ್ತಿರವಾದ ಹಾಗೆ ಪ್ರೆಸ್ಸಿನಲ್ಲಿ ಕ್ಯಾಲೆಂಡರಿನ ಕೆಲಸ ಮೈಮೇಲೆ ಬೀಳುತ್ತಿತ್ತು. ಆಗ ಅವನು ನಾನು ಮಲಗಿದ ಮೇಲೆ ಬಂದು, ಅಜ್ಜಿ ಅಡುಗೆಮನೆಯ ಕಟ್ಟೆಯ ಮೇಲೆ ಮುಚ್ಚಿಟ್ಟ ತಟ್ಟೆಯ ಊಟ ಮಾಡುತ್ತಿದ್ದ. ತಟ್ಟೆಯ ಮೇಲೆ ಇನ್ನೊಂದು ತಟ್ಟೆ ಕವುಚಿ, ಅದರ ಮೇಲೆ ಭಾರಕ್ಕೆ ಒಂದು ಲೋಟ ಬೋರಲು. ಬೆಳಗ್ಗೆ ನಾನು ಕಣ್ಣು ಬಿಡುವ ಮೊದಲೇ ಕೋಣೆಗೆ ಬಂದು ಬಾಗಿಲು ಹಾಕಿ ಎಬ್ಬಿಸುತ್ತಿದ್ದ. ಬೇಗ ಹೇಳು, ನಿನ್ನೆ ಇನ್ನೂ ಮುಗಿದಿಲ್ಲ, ಇವತ್ತು ಪಾಪ ಹೊರಗೆ ನಿಂತಿದೆ, ಅನ್ನುತ್ತಿದ್ದ.

ಅಜ್ಜಿಗೆ ಇದೆಲ್ಲ ತಮಾಷೆ. ಆ ಸೀಮೆಯಲ್ಲಿ ಯಾರಿಗೆ ಎಷ್ಟು ದಿನದ ಹೆಸರು ನೆನಪಿದೆಯೋ ಅಷ್ಟೇ ಅವರ ವಯಸ್ಸು ಎಂದು ಹೇಳಿದಾಗ ಅವಳು ಕಾಲು ನೀಡಿ ಕೂತು ಅವರೆಕಾಯಿ ಸುಲಿಯುತ್ತಿದ್ದಳು.

“ಹಂಗಾದ್ರೆ ನಾನಿನ್ನೂ ಕೂಸು ಬಿಡು. ನಿನ್ನೆ ಏನ್ ಸಾರು ಮಾಡಿದ್ದೆ ಅಂತಾನೇ ಗ್ಯಾಪಕ ಇಲ್ಲ.”

ಇಬ್ಬರು ಚಂದ್ರರಿರುವುದರಿಂದ ಅಲ್ಲಿ ಅಮಾವಾಸ್ಯೆಯೇ ಇಲ್ಲ ಎಂದು ಚಿಕ್ಕಪ್ಪ ಹೆಮ್ಮೆಯಿಂದ ಹೇಳಿದ. ಅಜ್ಜಿಯ ಕೈ ನಿಂತಿತು.

“ಅಮಾಸೆ ಇಲ್ದಿದ್ರೆ ಸತ್ತೋರಿಗೆ ಯಾವತ್ತೋ ಊಟಕ್ಕಿಕ್ಕೋದು?”

ಯೋಚನೆ ಮಾಡಿ ಹೇಳ್ತೀನಿ ಕಣವ್ವ, ಅಂದ. ಆ ಪ್ರಶ್ನೆ ಹಾಗೇ ಉಳಿಯಿತು.

ಅವನು ಹೋದ ದಿನ ಹೆಸರಿಡುವಂಥದ್ದು ಏನೂ ನಡೆಯಲಿಲ್ಲ. ಹಿತ್ತಿಲಿನ ಕನ್ನಡಿಯ ಮುಂದೆ ನಿಂತು ಗಡ್ಡ ಹೆರೆದುಕೊಂಡ. ನಿಂತೇ ಕಾಫಿ ಕುಡಿದ. ಅಮ್ಮ ಕೊಟ್ಟ ಟಿಫನ್ ಡಬ್ಬಿಯನ್ನು ಬ್ಯಾಗಿಗೆ ಹಾಕಿಕೊಂಡು, ಹೊಸಿಲ ಹತ್ತಿರ ಚಪ್ಪಲಿ ಮೆಟ್ಟುತ್ತಾ ನನ್ನ ಕಡೆ ತಿರುಗಿದ.

“ಸಂಜೆಗೊಂದು ಒಳ್ಳೆ ಹೆಸರು ಯೋಚಿಸಿಟ್ಟಿರು.”

ಬಸ್ಸಿಗಾಗಿ ಮೈಸೂರು ರಸ್ತೆಯ ಕಡೆ ನಡೆದವನು ಹಿಂದಿರುಗಲಿಲ್ಲ. ಎರಡನೆಯ ದಿನ ಅಪ್ಪ ಪ್ರೆಸ್ಸಿಗೆ ಹೋಗಿ ಕೇಳಿದಾಗ, ಅವನು ಒಂದು ವಾರದಿಂದ ಕೆಲಸಕ್ಕೇ ಬಂದಿಲ್ಲ ಎಂದು ತಿಳಿಯಿತು. ಜಗಳವಿಲ್ಲ, ಲೆಕ್ಕಾಚಾರದ ತಕರಾರಿಲ್ಲ. ಆದರೆ ಆ ವಾರವೆಲ್ಲ ಅವನು ಬೆಳಗ್ಗೆ ಹೊತ್ತಿಗೆ ಸರಿಯಾಗಿ ಹೊರಟಿದ್ದ, ಸಂಜೆ ಬಂದು ನನ್ನ ಜೊತೆ ದಿನಕ್ಕೆ ಹೆಸರಿಟ್ಟಿದ್ದ, ಅವನ ಡಬ್ಬಿ ಖಾಲಿಯಾಗಿ, ತೊಳೆದು ಮನೆಗೆ ಬಂದಿತ್ತು. ಎಲ್ಲಿ ಕೂತು ಉಂಡ, ಯಾವ ನಲ್ಲಿಯ ಕೆಳಗೆ ಡಬ್ಬಿ ತೊಳೆದ? ಅಮ್ಮನನ್ನು ಇವತ್ತಿಗೂ ಕಾಡುವ ಪ್ರಶ್ನೆ ಅದೊಂದೇ. ಆ ವಾರದ ಹೆಸರುಗಳನ್ನು ನಾನು ಮತ್ತೆ ಮತ್ತೆ ಓದಿದ್ದೇನೆ. ಅವುಗಳಲ್ಲಿ ಏನೂ ಇಲ್ಲ. ಒಂದು ದಿನ ನಾವು ಬಹಳ ನಕ್ಕಿದ್ದೆವು.

ಪೊಲೀಸ್ ಠಾಣೆಗೆ ದೂರು ಕೊಟ್ಟರು. ಬಸ್ ನಿಲ್ದಾಣಗಳಲ್ಲಿ, ಕೆಂಗೇರಿಯ ಕಡೆಯ ರೈಲುಹಳಿಯ ಅಂಚಿನಲ್ಲಿ, ನೆಂಟರ ಊರುಗಳಲ್ಲಿ ಹುಡುಕಿದರು. ಒಂದೆರಡು ಸಲ ಅಪ್ಪನನ್ನು ಶವಾಗಾರಕ್ಕೆ ಕರೆಸಿಕೊಂಡರು. ಅಲ್ಲಿಂದ ಬಂದವರು ಮನೆಯೊಳಗೆ ಬಾರದೆ ಹಿತ್ತಿಲ ಕಡೆಯಿಂದ ಸುತ್ತಿ ಹೋಗಿ ತಲೆಗೆ ನೀರು ಹುಯ್ದುಕೊಳ್ಳುತ್ತಿದ್ದರು. ಕತ್ತಲೆಕೋಣೆಯಲ್ಲಿ ಕೂತ ಅಜ್ಜಿ ಆ ನೀರಿನ ಸದ್ದು ಕೇಳಿಸಿಕೊಂಡು, ಅವನಲ್ಲ ತಾನೆ, ಎಂದು ಕೂಗಿ ಕೇಳುತ್ತಿದ್ದಳು. ಅಲ್ಲ, ಎಂದು ಅಪ್ಪನ ದನಿ ನೀರಿನ ನಡುವಿನಿಂದ ಬರುತ್ತಿತ್ತು. ಬಿಳಿಸೀಮೆಯ ಆ ಚೌಕ ಖಾಲಿ ಉಳಿಯಿತು. ನಾನು ಹೆಸರು ಯೋಚಿಸಿಟ್ಟಿದ್ದೆ, ಒಪ್ಪಬೇಕಾದವನು ಇರಲಿಲ್ಲ. ನಮ್ಮ ನಿಯಮದ ಪ್ರಕಾರ ಆ ದಿನ ಮುಗಿದಿರಲಿಲ್ಲ, ಆದ್ದರಿಂದ ಆಮೇಲಿನ ಚೌಕಗಳಿಗೂ ನಾನು ಏನನ್ನೂ ಬರೆಯಲಿಲ್ಲ. ಮಲಗುವಾಗ ಅಜ್ಜಿ ಬಾಗಿಲು ಹಾಕಿದರೆ ಹಾಳೆ ನಮ್ಮ ಎದುರಿಗೆ ಬರುತ್ತಿತ್ತು: ಒಂದು ಕಡೆ ಪೆನ್ಸಿಲಿನ ಸಣ್ಣ ಅಕ್ಷರಗಳು ತುಂಬಿ, ಇನ್ನೊಂದು ಕಡೆ ಬರೀ ಬಿಳುಪು, ಅದರ ನಡುವೆ ಅಲ್ಲಲ್ಲಿ ಕೆಂಪು. ಕಿಟಕಿಯಿಲ್ಲದ ಆ ಕೋಣೆಗೆ ಹೊರಗಿನ ಬೆಳಕು ಬರುತ್ತಿರಲಿಲ್ಲ. ಆದರೂ ಮನೆಯ ಉಳಿದ ಕೋಣೆಗಳಲ್ಲಿ ದಿನಗಳು ಕಳೆದು ಈ ಒಂದರಲ್ಲಿ ಮಾತ್ರ ಆ ಬೆಳಗು ಇನ್ನೂ ನಿಂತಿದೆ ಎಂದು ನನಗೆ ಅನ್ನಿಸುತ್ತಿತ್ತು. ಕೆಲವು ಸಲ ಬಾಗಿಲು ತಳ್ಳಿದ ಕೂಡಲೇ ಸೀಮೆಎಣ್ಣೆ ವಾಸನೆ. ಅಜ್ಜಿಗೂ ಅದು ಬರುತ್ತಿತ್ತೇ ಎಂದು ನಾನು ಕೇಳಲಿಲ್ಲ. ಅವಳು ಮೂಗು ಏರಿಸಿ ನಿಲ್ಲುವುದನ್ನು ಮಾತ್ರ ನೋಡಿದ್ದೇನೆ.

ನಮ್ಮಲ್ಲಿ ಮಹಾಲಯ ಅಮಾವಾಸ್ಯೆಗೆ ಸತ್ತವರಿಗೆ ಎಡೆ ಇಡುತ್ತಾರೆ. ಹೋದವರಲ್ಲಿ ಒಬ್ಬೊಬ್ಬರಿಗೂ ಒಂದೊಂದು ಬಾಳೆಲೆ, ಅದರಲ್ಲಿ ಅವರವರಿಗೆ ಇಷ್ಟವಾದದ್ದು. ತಾತನ ಎಲೆಗೆ ಮುದ್ದೆ, ಕೋಳಿ ಸಾರು, ಕಜ್ಜಾಯ, ಪಕ್ಕದಲ್ಲಿ ಒಂದು ಕಟ್ಟು ಬೀಡಿ. ಹೊಸ ಬಟ್ಟೆ ಇಟ್ಟು, ಧೂಪ ಹಾಕಿ, ಬಾಗಿಲು ಮುಚ್ಚಿ ಎಲ್ಲರೂ ಹೊರಗೆ ಬಂದುಬಿಡುತ್ತೇವೆ. ಅವರು ಬಂದು ಉಣ್ಣುವಷ್ಟು ಹೊತ್ತು ಕಾಯಬೇಕು. ಆ ಹೊತ್ತಿನಲ್ಲಿ ಯಾರೂ ಜೋರಾಗಿ ಮಾತಾಡುವುದಿಲ್ಲ. ಆಮೇಲೆ ಮನೆಯ ಹಿರಿಯರು ಕೆಮ್ಮಿ, ಬಾಗಿಲು ತಟ್ಟಿ, ಒಳಗಿರುವವರಿಗೆ ಏಳಲು ಸಮಯ ಕೊಟ್ಟು ತೆರೆಯಬೇಕು. ನಮ್ಮ ಮನೆಯಲ್ಲಿ ಎಡೆ ಇಡುತ್ತಿದ್ದದ್ದು ಕತ್ತಲೆಕೋಣೆಯಲ್ಲೇ. ಬಾಗಿಲು ಮುಚ್ಚಿದರೆ ಮಾತ್ರ ಕಾಣುವ ನಮ್ಮ ಕ್ಯಾಲೆಂಡರನ್ನು ಆ ಒಂದು ದಿನ ಉಣ್ಣುತ್ತಾ ಕೂತು ನೋಡುತ್ತಿದ್ದವರು ಯಾರು ಎಂದು ನೆನೆದು ನಾನು ಹಾಲ್‌ನಲ್ಲಿ ಅಮ್ಮನಿಗೆ ಅಂಟಿಕೊಂಡು ಕೂರುತ್ತಿದ್ದೆ.

ಚಿಕ್ಕಪ್ಪ ಹೋಗಿ ಕೆಲವು ವರ್ಷಗಳಾದ ಮೇಲೆ, ಅಂಥದೊಂದು ಅಮಾವಾಸ್ಯೆಯ ಬೆಳಗ್ಗೆ, ಅಮ್ಮ ಅಡುಗೆಮನೆಯಿಂದಲೇ, ಎಲೆ ಎಷ್ಟು ತೊಳೀಲಿ, ಎಂದು ಕೇಳಿದಳು. ಎರಡು, ಅಂದರು ಅಪ್ಪ. ನೆಂಟರೆಲ್ಲ ಅವರಿಗೆ ಹೇಳಿಟ್ಟಿದ್ದರು: ಇಲ್ಲದವನನ್ನು ಇದ್ದಾನೆಂದು ಇಟ್ಟುಕೊಂಡರೆ ಅವನು ದಾರಿ ಸಿಗದೆ ಅಲೆಯುತ್ತಾನೆ ಎಂದು. ಅಜ್ಜಿ ಎದ್ದು ಬಂದು ಎರಡನೆಯ ಎಲೆಯನ್ನು ಅಮ್ಮನ ಕೈಯಿಂದ ಕಿತ್ತುಕೊಂಡಳು. ಅಪ್ಪ ಸಮಾಧಾನದಿಂದಲೇ ಶುರುಮಾಡಿದರು; ಬರಬರುತ್ತಾ ಇಬ್ಬರ ದನಿಯೂ ಏರಿತು. ಹೆಣಗಳ ಮುಖ ನೋಡಿ ಬಂದವನು ನಾನು, ನೀನಲ್ಲ, ಎಂದು ಅಪ್ಪ ಅಂದುಬಿಟ್ಟರು. ಅಜ್ಜಿ ನನ್ನನ್ನು ಕರೆದಳು.

“ನಿಮ್ ಸೀಮೇಲಿ ಅವನು ಹೋದ ದಿನ ಮುಗೀತೇನೇ?”

“ಇಲ್ಲ ಅಜ್ಜಿ. ಹೆಸರಿಟ್ಟಿಲ್ಲ.”

“ಕೇಳಿಸ್ತೇನೋ? ದಿನಾನೇ ಮುಗಿದಿಲ್ಲ. ಬೆಳಿಗ್ಗೆ ಕೆಲಸಕ್ಕೆ ಹೋದೋನಿಗೆ ಸಂಜೆ ಆಗೋಕೆ ಮುಂಚೆ ಎಡೆ ಇಕ್ತೀಯಾ ನೀನು?”

ಅಪ್ಪ ನನ್ನನ್ನು ನೋಡಿದ ನೋಟ ನೆನಪಿದೆ. ಬೈಯುತ್ತಾರೆ ಎಂದುಕೊಂಡೆ. ಅವರು ಹೋಗಿ ಒಂದೇ ಎಲೆ ಹಾಕಿದರು. ಅಂದು ಎಲ್ಲರ ಊಟವಾದ ಮೇಲೆ ಅಜ್ಜಿ ಒಂದು ಸ್ಟೀಲ್ ತಟ್ಟೆಗೆ ಅವನ ಪಾಲು ಬಡಿಸಿ, ಇನ್ನೊಂದು ತಟ್ಟೆ ಕವುಚಿ, ಮೇಲೆ ಲೋಟ ಬೋರಲು ಇಟ್ಟು, ಅಡುಗೆಮನೆಯ ಕಟ್ಟೆಯ ಮೇಲೆ ಇಟ್ಟಳು. ಬಾಳೆಲೆ ಸತ್ತವರಿಗೆ; ಮುಚ್ಚಿಟ್ಟ ತಟ್ಟೆ ತಡವಾಗಿ ಬರುವವರಿಗೆ. ಬೆಳಗ್ಗೆ ನಾನು ಎದ್ದು ನೋಡಿದಾಗ ತಟ್ಟೆ ತೊಳೆದು ಬೋರಲು ಹಾಕಿತ್ತು. ಅಲ್ಲಿಂದ ಮುಂದೆ ಪ್ರತಿ ವರ್ಷವೂ ಹಾಗೆಯೇ. ಚಿಕ್ಕವಳಿದ್ದಾಗ ಅವನು ಬಂದು ಉಂಡುಹೋದ ಎಂದು ನಂಬಿದ್ದೆ; ತೊಳೆದ ಡಬ್ಬಿ ತರುತ್ತಿದ್ದವನು ತಟ್ಟೆಯನ್ನೂ ತೊಳೆದಿಡುತ್ತಾನೆ. ದೊಡ್ಡವಳಾದ ಮೇಲೆ, ಅಜ್ಜಿಯೇ ನಸುಕಿನಲ್ಲಿ ಎದ್ದು ಉಣ್ಣುತ್ತಿರಬೇಕು ಎಂದು ಗೊತ್ತಾಯಿತು. ಗೊತ್ತಾದ ಮೇಲೂ ಆ ಬೆಳಗ್ಗೆ ನಾನು ಅಡುಗೆಮನೆಗೆ ಕಾಲಿಡುವ ಮೊದಲು ಸ್ವಲ್ಪ ಸದ್ದು ಮಾಡಿಯೇ ಹೋಗುತ್ತಿದ್ದೆ.

ನಾನು ಬೇರೆ ಊರಿಗೆ ಹೋಗಿ ವಿಶ್ವವಿದ್ಯಾಲಯದಲ್ಲಿ ಇತಿಹಾಸ ಓದಿದೆ. ತಾರೀಖುಗಳ ವಿಷಯದಲ್ಲಿ ನನ್ನದು ಕಟ್ಟುನಿಟ್ಟು ಎಂದು ಹೆಸರಿತ್ತು. ಈ ಒಂದು ತಾರೀಖನ್ನು ಮಾತ್ರ ಯಾರಿಗೂ ಹೇಳಲಿಲ್ಲ, ಎಲ್ಲೂ ಬರೆಯಲಿಲ್ಲ, ಇಲ್ಲೂ ಬರೆಯುತ್ತಿಲ್ಲ. ಅಷ್ಟರಲ್ಲಿ ಮೈಸೂರು ರಸ್ತೆಗೆ ಮೆಟ್ರೋ ಬಂತು. ಅದರ ಕಾಮಗಾರಿಯ ಧೂಳು ನಿಂತ ಮೇಲೆ ಅಪ್ಪ ಮನೆಗೆಲ್ಲ ಬಣ್ಣ ಬಳಿಸಿದರು. ಬಣ್ಣದವನು ಕತ್ತಲೆಕೋಣೆಗೆ ಬಂದಾಗ ಅಜ್ಜಿ ಒಳಗಿನಿಂದ ಬಾಗಿಲು ಹಾಕಿ, ಹಾಳೆಗೆ ಬೆನ್ನು ಕೊಟ್ಟು ಕೂತಿದ್ದಳಂತೆ.

“ಬಾಗಿಲಿಗೆ ಒಂದು ಮೈ ಬಣ್ಣ, ಒಂದು ಮೈ ಇಲ್ಲ ಅಂದ್ರೆ ನೋಡ್ದೋರು ನನ್ನ ಬೈತಾರೆ ಅಜ್ಜಿ.”

“ಒಳಗೆ ಕೂತು ನೋಡೋರು ಏನೂ ಅನ್ನಲ್ಲ ಬಿಡಪ್ಪ.”

ಅವನು ಆ ಕೋಣೆಯ ಕೆಲಸವನ್ನು ಅಂದೇ ಬಿಟ್ಟು ಹೋದನೆಂದು ಅಮ್ಮ ನಗುತ್ತಾ ಫೋನಿನಲ್ಲಿ ಹೇಳಿದಳು. ಕೊನೆಕೊನೆಗೆ ಅಜ್ಜಿಗೆ ಮರೆವು ಬಂತು. ನನ್ನ ಹೆಸರು, ಊಟ ಮಾಡಿದ್ದು, ತಾತ ಹೋದದ್ದು ಒಂದೊಂದಾಗಿ ಮರೆತುಹೋಗುತ್ತಾ ಬಂದವು. ಬಿಳಿಸೀಮೆಯ ಲೆಕ್ಕದಲ್ಲಿ ಅವಳ ವಯಸ್ಸು ದಿನದಿನಕ್ಕೆ ಕಡಿಮೆಯಾಗುತ್ತಾ ಹೋಯಿತು. ಆದರೂ ನಾನು ಪಕ್ಕದಲ್ಲಿ ಕೂತರೆ ನನ್ನ ಮಣಿಕಟ್ಟು ಹಿಡಿದುಕೊಂಡು, ಇಟ್ಟೇನೇ ಹೆಸರು, ಎಂದು ಕೇಳುತ್ತಿದ್ದಳು. ಇಲ್ಲ ಎಂದರೆ ಕೈ ಬಿಡುತ್ತಿದ್ದಳು.

ಅವಳು ಹೋದದ್ದು ಕಳೆದ ಬೇಸಿಗೆಯಲ್ಲಿ. ಅವಳಿಲ್ಲದ ಮೊದಲ ಮಹಾಲಯಕ್ಕೆ ನಾನು ಹಿಂದಿನ ದಿನವೇ ಮನೆಗೆ ಹೋದೆ. ಬೆಳಗ್ಗೆ ಅಮ್ಮ, ಎಲೆ ಎಷ್ಟು ತೊಳೀಲಿ, ಎಂದು ಎಂದಿನಂತೆ ಕೇಳಿದಳು. ಅಪ್ಪ ನನ್ನನ್ನು ಕತ್ತಲೆಕೋಣೆಗೆ ಕರೆದು, ಬಾಗಿಲು ಹಾಕಿ, ದೀಪದ ಸ್ವಿಚ್ಚು ಒತ್ತಿದರು. ಅವರು ಆ ಹಾಳೆಯ ಮುಂದೆ ನಿಂತದ್ದನ್ನು ನಾನು ನೋಡಿದ್ದು ಅದೇ ಮೊದಲು. ಅಂಚುಗಳು ಕಂದಿದ್ದವು, ಕೆಂಪು ಅಂಕಿಗಳು ಕಂದುಬಣ್ಣಕ್ಕೆ ತಿರುಗಿದ್ದವು. ಕನ್ನಡಕ ಮೇಲೆತ್ತಿ, ತಮ್ಮನ ಅಕ್ಷರಗಳನ್ನು ಹತ್ತಿರದಿಂದ ಓದಿಕೊಂಡು ಹೋಗಿ, ಕೊನೆಯದರ ಮೇಲೆ ಬೆರಳಿಟ್ಟರು.

“ಇದಾ?”

“ಅದರ ಪಕ್ಕದ್ದು.”

“ಅವ್ವ ಈ ಸಲ ಇಲ್ಲಿ ಊಟಕ್ಕೆ ಕೂತ್ಕೋತಾಳೆ. ಅವನೂ ಬಂದು, ಎಲೆ ಇಲ್ಲ ಅಂತ ಬಾಗಿಲ ಆಚೆಗೆ ನಿಂತಿದ್ರೆ? ನನ್ನ ತಮ್ಮ ಕಣಮ್ಮ. ಎಷ್ಟು ವರ್ಷದಿಂದ ಹಸ್ಕೊಂಡಿದ್ದಾನೋ.”

ಆ ವರ್ಷ ಅಪ್ಪ ಎರಡನೆಯ ಎಲೆಗೆ ಹಟ ಹಿಡಿದದ್ದು ಇದಕ್ಕೆ ಎಂದು ನನಗೆ ಗೊತ್ತಿರಲಿಲ್ಲ. ಅವನು ಬದುಕಿದ್ದರೆ, ಎಂದೆ. ಅವರ ಬೆರಳು ಪಕ್ಕದ ಖಾಲಿ ಚೌಕಕ್ಕೆ ಸರಿಯಿತು.

“ನೀನು ಹೆಸರಿಟ್ರೆ ಮುಗಿಯುತ್ತಾ?”

“ಇಬ್ಬರು ಒಪ್ಪಬೇಕು, ಅಪ್ಪ.”

“ಅವನ ಬದಲು ನಾನು ಒಪ್ತೀನಿ.”

ನನ್ನ ಹತ್ತಿರ ಹೆಸರಿತ್ತು. ಒಂದಲ್ಲ, ವರ್ಷಕ್ಕೊಂದರಂತೆ ಯೋಚಿಸಿಟ್ಟವು. ಅಪ್ಪ ಜೇಬಿನಿಂದ ಪೆನ್ನು ತೆಗೆದು ನನ್ನ ಕಡೆ ಚಾಚಿದರು. ಪೆನ್ನನ್ನು ತೆಗೆದುಕೊಂಡೆ, ಮುಚ್ಚಳ ತೆಗೆಯಲು ಆಗಲಿಲ್ಲ. ಕೋಣೆಯಲ್ಲಿ ಸೀಮೆಎಣ್ಣೆಯ ವಾಸನೆ ಇತ್ತು. ಅಪ್ಪ ಮೂಗು ಏರಿಸಿದರು, ಅಜ್ಜಿ ಏರಿಸುತ್ತಿದ್ದ ಹಾಗೆಯೇ, ಮತ್ತು ನನ್ನ ಮುಖ ನೋಡಿದರು.

“ಇವತ್ತು ಬೇಡ ಅಪ್ಪ.”

ಅವರು ಪೆನ್ನನ್ನು ತೆಗೆದುಕೊಂಡು ಜೇಬಿಗೆ ಸಿಕ್ಕಿಸಿ, ಬಾಗಿಲು ತೆಗೆದು, ಎರಡೇ ತೊಳಿ, ಎಂದು ಅಮ್ಮನಿಗೆ ಹೇಳಿದರು. ತಾತನಿಗೊಂದು, ಅಜ್ಜಿಗೊಂದು. ಅಜ್ಜಿಯ ಎಲೆಗೆ ನಾನೇ ಕಜ್ಜಾಯ ಬಡಿಸಿದೆ. ಬಾಗಿಲು ಮುಚ್ಚಿ ಹಾಲ್‌ನಲ್ಲಿ ಕೂತೆವು. ಮೆಟ್ರೋ ಒಮ್ಮೆ ಹೋಯಿತು, ಇನ್ನೊಮ್ಮೆ ಹೋಯಿತು. ಅಪ್ಪ ಒಳಗಿನ ಬಾಗಿಲಿಗೆ ಬೆನ್ನು ಮಾಡಿ, ಬೀದಿಯ ಬಾಗಿಲನ್ನು ಪೂರ್ತಿ ತೆರೆದಿಟ್ಟು, ಅದರ ಕಡೆ ಮುಖ ಮಾಡಿ ಕೂತಿದ್ದರು. ಆಮೇಲೆ ಎದ್ದು, ಕೆಮ್ಮಿ, ಬಾಗಿಲು ತಟ್ಟಿ, ತೆರೆದರು.

ಸಂಜೆ ನೀರು ಕುಡಿಯಲು ಅಡುಗೆಮನೆಗೆ ಹೋದಾಗ ಕಟ್ಟೆಯ ಮೇಲೆ ಮುಚ್ಚಿಟ್ಟ ತಟ್ಟೆ ಇತ್ತು, ಮೇಲೆ ಬೋರಲು ಲೋಟ. ಅಮ್ಮನ ಮುಖ ನೋಡಿದೆ. ತಾನಲ್ಲ ಎಂದು ತಲೆಯಾಡಿಸಿ, ಅವಳು ಹಾಲ್‌ನ ಕಡೆ ನೋಡಿದಳು. ಅಲ್ಲಿ ಅಪ್ಪ ಟಿ.ವಿ.ಯ ದನಿ ತಗ್ಗಿಸಿಕೊಂಡು ಕೂತಿದ್ದರು.

ಮರುದಿನ ಎಲ್ಲರಿಗಿಂತ ಮೊದಲು ಎದ್ದೆ. ಅಡುಗೆಮನೆಯ ಬಾಗಿಲಲ್ಲಿ ಸ್ವಲ್ಪ ಸದ್ದು ಮಾಡಿ ಒಳಗೆ ಹೋದೆ. ಲೋಟ ಇಟ್ಟಲ್ಲೇ ಇತ್ತು. ಮೇಲಿನ ತಟ್ಟೆ ಎತ್ತಿದೆ: ಮುದ್ದೆ ಬಿರುಕು ಬಿಟ್ಟಿತ್ತು, ಪಾಯಸವನ್ನು ಕೋಳಿ ಸಾರಿನ ಪಕ್ಕದಲ್ಲೇ ಸುರಿದಿದ್ದರಿಂದ ಎರಡೂ ಕಲೆತುಹೋಗಿದ್ದವು. ಜೀವಮಾನದಲ್ಲಿ ಯಾರಿಗೂ ಬಡಿಸಿ ಗೊತ್ತಿಲ್ಲದ ಕೈ. ನೆಲದ ಮೇಲೆ ಕೂತು, ತಣ್ಣಗಿದ್ದದ್ದನ್ನು ತಣ್ಣಗೇ, ಒಂದಗುಳೂ ಬಿಡದೆ ಉಂಡೆ. ಹಾಲ್‌ನ ಕಡೆಯಿಂದ ಅಪ್ಪನ ಕೆಮ್ಮು ಕೇಳಿಸಿತು. ಬೇಗ ಬೇಗ ತಟ್ಟೆ ತೊಳೆದು ಕಟ್ಟೆಯ ಮೇಲೆ ಬೋರಲು ಹಾಕಿದೆ, ಲೋಟವನ್ನೂ ಪಕ್ಕದಲ್ಲಿಟ್ಟೆ, ಮತ್ತು ಅವರು ಒಳಗೆ ಬರುವ ಮೊದಲು ಹಿತ್ತಿಲ ಬಾಗಿಲಿನಿಂದ ಹೊರಗೆ ಹೋದೆ.